ಮೈಲಿಗಲ್ಲುಗಳ ಪಾಠ

ಬಂಗಾಳದಲ್ಲಿ ಉಗಿಬಂಡಿಯ ಸಂಚಾರವು ಮೊದಲಾದುದು 1854ರಲ್ಲಿ. ಅದಕ್ಕೆ ಮುಂಚೆ ಹಳ್ಳಿಯಿಂದ ಕಲ್ಕತ್ತೆಗೆ ಹೋಗತಕ್ಕವನು ಹಣವಂತನಾದರೆ ಪಲ್ಲಕ್ಕಿಯನ್ನೇರುತ್ತಿದ್ದನು. ಬಡವನಿಗೆ ಕಾಲುಗಳೇ ವಾಹನ. ಬೀರಸಿಂಹ ಗ್ರಾಮದ ಠಾಕೂರದಾಸ ಬಂದ್ಯೋಪಾಧ್ಯಾಯರು ಇಂತಹ ಬಡವರಲ್ಲಿ ಒಬ್ಬರು.

ತಾಯಿಯು ನೂಲು ತೆಗೆದು ಸಂಸಾರವನ್ನು ಸಾಗಿಸುತ್ತಿರಲು, ಠಾಕೂರದಾಸರು ಎಳೆಯ ವಯಸ್ಸಿನಲ್ಲಿಯೇ ಸಂಪಾದನೆಗಾಗಿ ಕಲ್ಕತ್ತೆಯನ್ನು ಸೇರಿದರು. ಒಂದು ದಿನ ಹಸಿವು ತಾಳಲಾರದೆ ತಮ್ಮ ಹಿತ್ತಾಳೆಯ ತಟ್ಟೆ ತಂಬಿಗೆಗಳನ್ನು ಮಾರಹೋದರು. ಕಳವಿನ ಮಾಲಿರಬಹುದೆಂದು ಅಂಗಡಿಯವರು ಕೊಳ್ಳಲಿಲ್ಲ. ಹಸಿವನ್ನು ಮರೆಯುವುದಕ್ಕಾಗಿಯೇ ಮತ್ತೊಂದು ದಿನ ಬೀದಿ ಬೀದಿ ಅಲೆದು, ನಡೆಯುವ ಶಕ್ತಿಯೂ ಉಡುಗಿ, ಒಬ್ಬ ವಿಧವೆಯ ಅಂಗಡಿಯೆದುರು ನಿಂತು ನೀರು ಬೇಡಿದರು. ಬರಿಯ ನೀರು ಕೊಡಬಾರದೆಂದು ಆಕೆ ಬೆಲ್ಲದ ಪಾಕ ಹಿಡಿದ ಅರಳನ್ನೂ ಕೊಟ್ಟಳು. ಹುಡುಗನು ಉಪವಾಸವಿರುವನೆಂದು ತಿಳಿದೊಡನೆ ಮೊಸರು ತರಿಸಿ ಹೊಟ್ಟೆ ತುಂಬ ಉಣ್ಣಿಸಿದಳು. ಮುಂದೆ ತಿಂಗಳಿಗೆ 2 ರೂಪಾಯಿ ಸಂಬಳವು ದೊರೆತಾಗ ಠಾಕೂರದಾಸರು ಅದನ್ನು ತಾಯಿಗೇ ಕಳುಹಿಸುತ್ತಿದ್ದರು.

1828ರ ಕೊನೆಯಲ್ಲಿ ಅವರು ತಮ್ಮ ಎಂಟು ವರ್ಷದ ಮಗ ಈಶ್ವರಚಂದ್ರನನ್ನು ವಿದ್ಯಾಭ್ಯಾಸಕ್ಕೆಂದು ಕಲ್ಕತ್ತೆಗೆ ಕರೆದೊಯ್ದರು. ಜತೆಯಲ್ಲಿ ಗ್ರಾಮದ ಉಪಾಧ್ಯಾಯರಾದ ಕಾಳೀಕಾಂತರೂ ಆನಂದರಾಮನೆಂಬ ಆಳೂ ಇದ್ದರು. ಬಾಲಕನು ನಡೆಯಲಾರದಾದರೆ ಅವನನ್ನು ಹೆಗಲ ಮೇಲೆ ಹೊರುವುದು ಆನಂದರಾಮನ ಕೆಲಸ. ಈ ಪ್ರಯಾಣದ ನಿಜವಾದ ಭಾರವನ್ನು ಹೊತ್ತವನ ಹೆಸರಾದರೂ ಉಳಿದಿರುವುದು ಸಮಾಧಾನದ ಸಂಗತಿ.

ರಾತ್ರಿ ಬಂಧುಮಿತ್ರರ ಮನೆಗಳಲ್ಲಿ ತಂಗುತ್ತ, ಶಿಯಾಖಾಲೆಯ ಬಳಿ ಸಾಲಿಖಾದವರೆಗಿನ ಹೆದ್ದಾರಿಯನ್ನು ಸೇರಿದರು. ಅಲ್ಲಿ ನೆಟ್ಟಿದ್ದ ಕಲ್ಲನ್ನು ಕಂಡು ಬಾಲಕನು, ಮಸಾಲೆ ಅರೆಯುವ ಕಲ್ಲನ್ನು ರಸ್ತೆಯಲ್ಲೇಕೆ ಹೂಳಿದ್ದಾರೆಂದು ಕೇಳಿದನು. ತಂದೆಯು ನಕ್ಕು, ಅದು ಮೈಲಿಗಲ್ಲೆಂದೂ ಅದರ ಮೇಲೆ 19 ಎಂಬ ಇಂಗ್ಲಿಷ್ ಅಂಕಿಯಿದೆಯೆಂದೂ ವಿವರಿಸಿದರು. ಅಲ್ಲಿಂದ ಕಲ್ಲು ಕಲ್ಲಿಗೂ ನಿಂತು ನೋಡುತ್ತ 10ನೆಯ ಮೈಲಿಗೆ ಬರುವಷ್ಟರಲ್ಲಿ ಬಾಲಕನಿಗೆ ಅಂಕಿಗಳೆಲ್ಲ ಗುರುತಾದುವು. ಇವನು ಅಂಕಿಯನ್ನು ಬಲ್ಲನೋ, ಬರಿದೆ ಹಿಂದೆಣಿಸುತ್ತಿರುವನೋ ಎಂದು ತಂದೆಗೆ ಸಂದೇಹ. 6ನೆಯ ಕಲ್ಲು ಕಣ್ಣಿಗೆ ಬೀಳದಂತೆ ಉಪಾಯದಿಂದ ದಾಟಿಸಿ, ಮುಂದಿನದನ್ನು ತೋರಿಸಿದರು. “ಇದು 6 ಇರಬೇಕಾಗಿತ್ತು, ತಪ್ಪಿ 5 ಎಂದು ಕೆತ್ತಿದ್ದಾರೆ” ಎಂದನು ಬಾಲಕ. ಹಿರಿಯರ ಸಂತೋಷಕ್ಕೆ ಪಾರವಿಲ್ಲವಾಯಿತು.

1829ರ ಜೂನ್ 1ರಂದು ಅವನು ಸಂಸ್ಕೃತ ಕಾಲೇಜನ್ನು ಸೇರಿದನು. 1851ರಲ್ಲಿ ಅದರ ಪ್ರಾಂಶುಪಾಲನಾದನು. ಲೋಕವು ಅವರನ್ನು ಬಲ್ಲುದು ವಿದ್ಯಾಸಾಗರರೆಂದು. ಮುಪ್ಪಿನಲ್ಲಿ ಅವರು ಬರೆಯತೊಡಗಿದ ಆತ್ಮಚರಿತ್ರೆಯು ಬಾಲ್ಯವನ್ನು ದಾಟಲಿಲ್ಲ. ಅಪೂರ್ಣವಾಗಿಯೇ 1891ರಲ್ಲಿ, ಅವರು ತೀರಿಕೊಂಡ ವರ್ಷವೇ, ಅಚ್ಚಾದ ಆ ಚಿಕ್ಕ ಪುಸ್ತಕದಲ್ಲಿ ಅರಳು ಕೊಟ್ಟ ವಿಧವೆಯೂ ಇದ್ದಾಳೆ, ಈ ಕಲ್ಲುಗಳೂ ಇವೆ.