‘ಆರ್ಡರ್’, ‘ಎಕ್ಸಿಕ್ಯೂಷನ್’: ಎರಡು ಪದಗಳ ಕನ್ನಡ ಚರಿತ್ರೆ

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೆಯ ‘ಆರ್ಡರ್’ನ ವಿಷಯ ಡಿಕ್ರಿ ಹಾಗೂ ‘ಆರ್ಡರ್’ಗಳ ಎಕ್ಸಿಕ್ಯೂಷನ್. ಒಂದೇ ಶೀರ್ಷಿಕೆಯೊಳಗೆ ಒಂದೇ ಪದ ಎರಡು ಅರ್ಥಗಳಲ್ಲಿ ನಿಂತಿದೆ. ಎರಡನೆಯದು ನ್ಯಾಯಾಲಯದ ಆದೇಶ. ಮೊದಲನೆಯದು ಯಾರಿಗೂ ಕೊಟ್ಟ ಅಪ್ಪಣೆಯಲ್ಲ, ನಿಯಮಗಳ ಒಂದು ಗುಂಪು. ಸಾಲು ಎಂಬರ್ಥದ ಲ್ಯಾಟಿನ್ ‘ಓರ್ಡೊ’ ಅಲ್ಲಿ ಉಳಿದಿದೆ. ಕನ್ನಡದಲ್ಲಿ ಎರಡಕ್ಕೂ ‘ಆದೇಶ’ವೆಂದೇ ಬರೆಯುತ್ತೇವೆ. ಆದರೆ ಈ ಸಂಸ್ಕೃತ ಪದಕ್ಕೆ ಸಾಲಿನ ನೆನಪಿಲ್ಲ. (ಆದೇಶಸಂಧಿಯನ್ನು ಕಲಿತವರಿಗೆ ಅದರ ಮೂರನೆಯ ಅರ್ಥವೂ ಕಾಡೀತು.)

ಷೇರು ಮಾರುಕಟ್ಟೆಯಲ್ಲಿ ಆ ಸಾಲು ಕಣ್ಣಿಗೇ ಕಾಣುತ್ತದೆ. ರಾಷ್ಟ್ರೀಯ ಷೇರು ವಿನಿಮಯ ಕೇಂದ್ರದ ಗಣಕೀಕೃತ ವ್ಯವಸ್ಥೆಯಲ್ಲಿ ಮೊದಲು ಬೆಲೆ, ಬೆಲೆ ಸಮವಾದರೆ ಕಾಲ ಎಂಬ ಕ್ರಮದಲ್ಲಿ ಆರ್ಡರುಗಳು ಸರತಿ ನಿಲ್ಲುತ್ತವೆ. ಎದುರು ಪಕ್ಷ ದೊರೆಯದಿದ್ದರೆ ಅವು ಹಾಗೆಯೇ ಬಿದ್ದುಹೋಗುತ್ತವೆ. ಕನ್ನಡಿಗರು ‘ಅಪ್ಪಣೆ ಕೊಡು’ ಎನ್ನುವ ಹಾಗೆ ಇಲ್ಲಿ ‘ಕೊಡು’ ಬಳಸದೆ, ಅರ್ಜಿ ಹಾಕುವಂತೆ ಆರ್ಡರನ್ನೂ ‘ಹಾಕು’ತ್ತಾರೆ. ಕ್ರಿಯಾಪದದ ಈ ಆಯ್ಕೆ ಪದಕೋಶಗಳಿಗಿಂತ ನಿಖರವಾದುದು.

ಕೇಂಬ್ರಿಜ್‌ನಲ್ಲಿ 1949ರಲ್ಲಿ ಕೆಲಸ ಆರಂಭಿಸಿದ ಎಡ್ಸ್ಯಾಕ್ ಗಣಕದ ನಿರ್ಮಾತೃಗಳು ಯಂತ್ರದ ಪ್ರತಿ ಸೂಚನೆಯನ್ನೂ ‘ಆರ್ಡರ್’ ಎಂದರು. ಡೇವಿಡ್ ವೀಲರ್ ರಚಿಸಿದ ಆರಂಭಿಕ ಸರಣಿಯ ಹೆಸರೇ ‘ಇನಿಷಿಯಲ್ ಆರ್ಡರ್ಸ್’. ಸ್ಮೃತಿಯಲ್ಲಿ ಸಾಲಾಗಿ ನಿಂತು, ಸರದಿ ಬಂದೊಡನೆ ನೆರವೇರುವ ಈ ಅಪ್ಪಣೆಗೆ ಹಳಗನ್ನಡದ ‘ಬೆಸ’ ಹತ್ತಿರದ್ದು: ಅದಕ್ಕೆ ಅಪ್ಪಣೆ, ಕೆಲಸ ಎರಡೂ ಅರ್ಥಗಳಿವೆ.

ನ್ಯಾಯಾಲಯದಲ್ಲಿ ಅಪ್ಪಣೆಗೂ ಕೆಲಸಕ್ಕೂ ನಡುವೆ ಕಾಲವಿದೆ. ಡಿಕ್ರಿ ಪಡೆದವನು ಮತ್ತೆ ಅರ್ಜಿ ಸಲ್ಲಿಸಬೇಕು. 1963ರ ಕಾಲಮಿತಿ ಅಧಿನಿಯಮ ಸಾಮಾನ್ಯವಾಗಿ ಅದಕ್ಕೆ 12 ವರ್ಷಗಳ ಅವಧಿ ಕೊಡುತ್ತದೆ. ‘ಎಕ್ಸಿಕ್ಯೂಷನ್’ನ ಲ್ಯಾಟಿನ್ ಮೂಲಕ್ಕೆ ಕೊನೆಯವರೆಗೂ ಬೆನ್ನುಹತ್ತುವುದೆಂಬ ಅರ್ಥವಿರುವುದು ಇಲ್ಲಿ ಸಾರ್ಥಕ. ನಮ್ಮ ನ್ಯಾಯಾಲಯಗಳ ಪದ ‘ಅಮಲ್ಜಾರಿ’. ಅರಬ್ಬಿಯಲ್ಲಿ ‘ಅಮಲ್’ ಎಂದರೆ ಕೆಲಸ, ‘ಜಾರಿ’ ಎಂದರೆ ಹರಿಯುವಂಥದು. ಪಾರಸಿ ಆಡಳಿತಭಾಷೆಯ ದಾರಿಯಾಗಿ ಬಂದವು.

ಆದರೆ ಅದೇ 1908ರ ನೋಂದಣಿ ಅಧಿನಿಯಮದ ‘ಎಕ್ಸಿಕ್ಯೂಷನ್’ ಜಾರಿಯಲ್ಲ. ಕ್ರಯಪತ್ರವನ್ನು ‘ಬರೆದುಕೊಡು’ತ್ತಾರೆ; ಪಕ್ಷಗಳು ಬರೆದುಕೊಟ್ಟವರು ಮತ್ತು ಬರೆಸಿಕೊಂಡವರು. ಇಲ್ಲಿ ಹಿಂದಿನ ಅಪ್ಪಣೆಯೊಂದನ್ನು ನೆರವೇರಿಸುತ್ತಿಲ್ಲ; ಸಹಿಯಿಂದ ಪತ್ರವೇ ಹುಟ್ಟುತ್ತಿದೆ. ‘ಕೊಡು’, ‘ಕೊಳ್ಳು’ ಎಂಬ ಸಹಾಯಕ ಕ್ರಿಯಾಪದಗಳು ಹಕ್ಕು ಯಾರಿಂದ ಯಾರಿಗೆ ಹೋಯಿತೆಂಬುದನ್ನೂ ಹೇಳುತ್ತವೆ. ಈಚಿನ ಅನುವಾದಗಳ ‘ಕ್ರಯಪತ್ರವನ್ನು ಕಾರ್ಯಗತಗೊಳಿಸಿದರು’ ಎಂಬ ವಾಕ್ಯ ಈ ದಿಕ್ಕನ್ನು ಅಳಿಸುತ್ತದೆ. ಮೇಲಾಗಿ, ಹಣ ಸಂದಾಯವಾಯಿತು, ಜಮೀನು ಸ್ವಾಧೀನಕ್ಕೆ ಬಂದಿತು ಎಂಬ ಭಾವನೆಯನ್ನೂ ಹುಟ್ಟಿಸುತ್ತದೆ. ಪತ್ರ ಬರೆದುಕೊಟ್ಟೂ ಹಣ ಕಾಣದ ರೈತನೊಬ್ಬ ಅಂಥ ಪ್ರಮಾಣಪತ್ರಕ್ಕೆ ಹೆಬ್ಬೆಟ್ಟು ಒತ್ತಿದರೆ, ತಾನು ಯಾವುದನ್ನು ಒಪ್ಪಿದೆನೆಂದು ಅವನಿಗೆ ತಿಳಿಯುವುದು ಪಾಟೀಸವಾಲಿನಲ್ಲಿ.