ಉಮಾಶ್ರೀ: ರಂಗಭೂಮಿಯಿಂದ ‘ಪುಟ್ಟಕ್ಕ’ನವರೆಗೆ

ಜಹೀರಾಬಾದ್, ನಾರಾಯಣಖೇಡ, ತಾಂಡೂರಿನ ನಮ್ಮ ಸದಸ್ಯರ ಮನೆಗಳಲ್ಲಿ ಉಮಾಶ್ರೀ ಅಂದರೆ ಈಗ ‘ಪುಟ್ಟಕ್ಕ’. ಮಕ್ಕಳು ತೆಲುಗು ಇಲ್ಲವೇ ಇಂಗ್ಲಿಷ್ ಮಾಧ್ಯಮದಲ್ಲಿ ಓದುವ ನಮ್ಮ ಊರುಗಳಲ್ಲಿ ಕನ್ನಡದ ಅಕ್ಷರ ಮೊದಲು ಮರೆಯಾಗುತ್ತದೆ, ಮಾತು ಇನ್ನೊಂದಿಷ್ಟು ಕಾಲ ಉಳಿಯುತ್ತದೆ. ಆ ಮಾತನ್ನು ಕಿವಿಗೆ ತಲುಪಿಸುತ್ತಿರುವುದರಲ್ಲಿ ಟಿ.ವಿ.ಯ ಪಾಲು ಸಣ್ಣದಲ್ಲ. ಹಾಗಾಗಿ ಈ ಕಲಾವಿದೆಯ ಪರಿಚಯವನ್ನು ಇಲ್ಲಿ ಕೊಡುತ್ತಿದ್ದೇವೆ.

ಉಮಾಶ್ರೀ ಹುಟ್ಟಿದ್ದು 1957ರಲ್ಲಿ, ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ. ನಟನೆ ಕಲಿತದ್ದು ನಾಟಕದಲ್ಲಿ. ದೇವನೂರ ಮಹಾದೇವ ಅವರ ‘ಒಡಲಾಳ’ ರಂಗಕ್ಕೆ ಬಂದಾಗ ಅವರು ಮಾಡಿದ ಸಾಕವ್ವನ ಪಾತ್ರವನ್ನು ನೋಡಿದವರು ಇಂದಿಗೂ ನೆನೆಯುತ್ತಾರೆ. ಕಳೆದುಹೋದ ಹುಂಜಕ್ಕಾಗಿ ಪರದಾಡುವ ದಲಿತ ಮುದುಕಿ ಆ ಸಾಕವ್ವ.

ಸಿನಿಮಾ ಮಾತ್ರ ಅವರನ್ನು ಬೇರೆಯೇ ದಾರಿಗೆ ಎಳೆಯಿತು. ಕಾಶೀನಾಥ್ ಅವರ ‘ಅನುಭವ’ (1984) ಹೆಸರು ತಂದಿತು, ಜೊತೆಗೆ ಒಂದು ಮುದ್ರೆಯನ್ನೂ ಒತ್ತಿತು. ಆಮೇಲೆ ವರ್ಷಗಟ್ಟಲೆ ಎನ್.ಎಸ್. ರಾವ್ ಮೊದಲಾದವರ ಜೋಡಿಯಾಗಿ ಹಾಸ್ಯ, ದ್ವಂದ್ವಾರ್ಥದ ಮಾತು. ಅವನ್ನು ನಾವೂ ನೋಡಿ ನಕ್ಕವರೇ. ಆದರೆ ಸಾಕವ್ವನಾಗಿದ್ದ ನಟಿಗೆ ಅದು ಬಹಳ ಕಡಿಮೆ ಆಯಿತು ಎಂಬುದು ನಮ್ಮ ಅಭಿಪ್ರಾಯ.

ಆ ಕೊರತೆ ತುಂಬಿದ್ದು ಗಿರೀಶ್ ಕಾಸರವಳ್ಳಿ. ವೈದೇಹಿ ಅವರ ಕಥೆಯಿಂದ ಹುಟ್ಟಿದ ‘ಗುಲಾಬಿ ಟಾಕೀಸ್’ (2008) ಕರಾವಳಿಯ ಮೀನುಗಾರರ ನಡುವೆ ಬದುಕುವ ಸೂಲಗಿತ್ತಿ ಗುಲಾಬಿಯ ಕಥೆ. ಅವಳ ಮನೆಗೆ ಡಿಶ್ ಸಮೇತ ಟಿ.ವಿ. ಬರುತ್ತದೆ, ಅಕ್ಕಪಕ್ಕದ ಹೆಂಗಸರು ಬಂದು ಕೂಡುತ್ತಾರೆ. ಕಾರ್ಗಿಲ್ ಯುದ್ಧದ ದಿನಗಳಲ್ಲಿ ಊರು ಒಡೆದಾಗ, ಮುಸ್ಲಿಂ ಎಂಬ ಕಾರಣಕ್ಕೆ ಗುಲಾಬಿ ಒಂಟಿಯಾಗುತ್ತಾಳೆ. ಈ ಪಾತ್ರಕ್ಕಾಗಿ ಉಮಾಶ್ರೀ ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು.

ಪ್ರಶಸ್ತಿ ತಂದದ್ದು ‘ಗುಲಾಬಿ’ಯಾದರೂ ನಮ್ಮ ಕಡೆಯವರಿಗೆ ಹತ್ತಿರದ್ದು ಕಾಸರವಳ್ಳಿಯವರ ‘ಕನಸೆಂಬ ಕುದುರೆಯನೇರಿ’ (2010). ಅದರ ಮೂಲ ರಾಯಚೂರು ಜಿಲ್ಲೆಯ ಅಮರೇಶ ನುಗಡೋಣಿ ಅವರ ಕಥೆ ‘ಸವಾರಿ’. ಗುಣಿ ತೋಡುವ ಈರ್ಯನ ಕನಸಿನಲ್ಲಿ ಸಿದ್ಧ ಬಂದರೆ ಊರಲ್ಲಿ ಸಾವು ಖಚಿತ. ಒಮ್ಮೆ ದೊಡ್ಡಮನೆಯವರು ಗೌಡರ ಸಾವನ್ನು ಮುಚ್ಚಿಡುತ್ತಾರೆ, ಬಡವನ ಕನಸು ಸುಳ್ಳಾಗುತ್ತದೆ. ಈರ್ಯನ ಹೆಂಡತಿ ರುದ್ರಿಯಾಗಿ ಉಮಾಶ್ರೀ. ಈರ್ಯ ಯಾರೆಂದರೆ ನಮ್ಮ ನೆರೆಯ ಭಾಲ್ಕಿ ತಾಲ್ಲೂಕಿನ ವೈಜನಾಥ ಬಿರಾದಾರ! ಭಿಕ್ಷುಕ, ಕುಡುಕ ಇಂಥ ಚಿಲ್ಲರೆ ಪಾತ್ರಗಳಲ್ಲೇ ಸವೆದಿದ್ದ ಬಿರಾದಾರ ಅವರಿಗೆ ಈ ಚಿತ್ರಕ್ಕಾಗಿ 2011ರಲ್ಲಿ ಮ್ಯಾಡ್ರಿಡ್‌ನ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಸಿಕ್ಕಿತು. ತುಮಕೂರು ಸೀಮೆಯ ಉಮಾಶ್ರೀ ಇಲ್ಲಿ ಉತ್ತರದ ಹಳ್ಳಿಮಾತು ಆಡುತ್ತಾರೆ. ನಮ್ಮ ಮಾತು ತೆರೆಯ ಮೇಲೆ ಬಂದಾಗ ಹೆಚ್ಚಾಗಿ ನಗಿಸಲು ಬರುತ್ತದೆ. ಈ ಚಿತ್ರದಲ್ಲಿ ಅದು ಗಂಡ-ಹೆಂಡಿರ ಸುಖದುಃಖದ ಮಾತು.

ರಾಜಕೀಯದಲ್ಲೂ ಅವರದು ನಡುಗನ್ನಡದ ನಂಟು ಮಾತ್ರವಲ್ಲ. 2013ರಲ್ಲಿ ಬಾಗಲಕೋಟೆ ಜಿಲ್ಲೆಯ ತೇರದಾಳದಿಂದ ಗೆದ್ದು, ಕನ್ನಡ ಮತ್ತು ಸಂಸ್ಕೃತಿ ಖಾತೆಯ ಸಚಿವೆಯಾದರು. 2018ರಲ್ಲಿ ಅದೇ ಕ್ಷೇತ್ರದಲ್ಲಿ ಸೋತರು.

2021ರ ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ ‘ಪುಟ್ಟಕ್ಕನ ಮಕ್ಕಳು’ ಆರಂಭವಾಯಿತು. ಗಂಡ ಬಿಟ್ಟುಹೋದ ಮೇಲೆ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುವ ತಾಯಿಯ ಕಥೆ. ಇದರ ಮೂಲ ತೆಲುಗಿನ ‘ರಾಧಮ್ಮ ಕೂತುರು’. ಎರಡೂ ಭಾಷೆ ಬಲ್ಲ ನಮ್ಮ ಅಕ್ಕಂದಿರಿಗೆ ಎರಡನ್ನೂ ತೂಗಿ ನೋಡುವ ಅನುಕೂಲವಿದೆ, ಬೆಂಗಳೂರಿನ ಎಷ್ಟೋ ಪ್ರೇಕ್ಷಕರಿಗೆ ಅದಿಲ್ಲ. ಧಾರಾವಾಹಿ ಎಳೆದಾಟದ ಬಗ್ಗೆ ನಮ್ಮಲ್ಲೂ ಗೊಣಗಾಟ ಉಂಟು, ಆದರೆ ಪುಟ್ಟಕ್ಕ ಬಾಯಿಬಿಟ್ಟರೆ ಮನೆ ಸುಮ್ಮನಾಗುತ್ತದೆ.

ಉಮಾಶ್ರೀ ಅವರನ್ನು ಧಾರಾವಾಹಿಯಲ್ಲಷ್ಟೇ ಕಂಡ ಮಕ್ಕಳಿಗೆ ಮೊದಲು ‘ಕನಸೆಂಬ ಕುದುರೆಯನೇರಿ’ ತೋರಿಸಿ, ಆಮೇಲೆ ‘ಗುಲಾಬಿ ಟಾಕೀಸ್’. ರುದ್ರಿಯ ಮಾತು ಅವರಿಗೆ ಅಜ್ಜಿಯ ಮಾತಿನಂತೆ ಕೇಳಿಸೀತು.