ಹೆಸರು ಬಿಟ್ಟುಕೊಟ್ಟ ಹೊಳೆಗಳು

ಕೃಷ್ಣೆ ಹುಟ್ಟುವುದು ಮಹಾರಾಷ್ಟ್ರದ ಮಹಾಬಲೇಶ್ವರದ ಬೆಟ್ಟದಲ್ಲಿ. ಅಲ್ಲಿಂದ ಪಶ್ಚಿಮದ ಅರಬ್ಬೀ ಸಮುದ್ರ ಸುಮಾರು 65 ಕಿಲೋಮೀಟರು ಮಾತ್ರ. ಆದರೆ ಆಕೆ ಅತ್ತ ತಿರುಗದೆ ಪೂರ್ವಕ್ಕೆ ಮುಖ ಮಾಡಿ, ಮಹಾರಾಷ್ಟ್ರ, ಕರ್ನಾಟಕ, ತೆಲಂಗಾಣ, ಆಂಧ್ರಗಳನ್ನು ದಾಟಿ, ಸುಮಾರು 1,400 ಕಿಲೋಮೀಟರು ನಡೆದು ಬಂಗಾಳಕೊಲ್ಲಿಯನ್ನು ಸೇರುತ್ತಾಳೆ. ದಾರಿಯಲ್ಲಿ ಸಿಗುವ ನಮ್ಮ ಬಾಗಲಕೋಟೆ, ವಿಜಯಪುರ, ರಾಯಚೂರಿನ ಸೀಮೆ ಮಳೆ ಕಡಿಮೆಯ ಎರೆನೆಲ. ವರ್ಷಕ್ಕೆ 600 ಮಿಲಿಮೀಟರಿನ ಆಸುಪಾಸು ಮಳೆ ಬಿದ್ದರೆ ಅದೇ ಹೆಚ್ಚು. ಇಂಥ ಬಿಸಿಲನ್ನು ಹಾದು ನದಿಯೊಂದು ಸಮುದ್ರ ಮುಟ್ಟುವುದು ತನ್ನೊಬ್ಬಳ ಶಕ್ತಿಯಿಂದಲ್ಲ. ಸಹ್ಯಾದ್ರಿಯ ಮಳೆಯನ್ನು ಹೊತ್ತು ತಂದು ಅವಳ ಮಡಿಲಿಗೆ ಸುರಿಯುವ ಘಟಪ್ರಭಾ, ಮಲಪ್ರಭಾ, ಭೀಮಾ, ತುಂಗಭದ್ರೆಯರೂ ಆ ಶಕ್ತಿಯಲ್ಲಿ ಪಾಲುದಾರರು.

ಪುಸ್ತಕದಲ್ಲಿ ಇವರಿಗೆ 'ಉಪನದಿಗಳು' ಎಂದು ಹೆಸರು. ಪರೀಕ್ಷೆಯಲ್ಲಿ ಒಂದು ಅಂಕದ ಪ್ರಶ್ನೆ. ಆದರೆ ಇತಿಹಾಸದ ಪಾಠ ಮಾಡುವಾಗ ನೋಡಿ, ಆಗಿದ್ದೆಲ್ಲ ಹೆಚ್ಚಾಗಿ ಈ 'ಉಪ' ಎನಿಸಿಕೊಂಡವರ ದಂಡೆಯ ಮೇಲೆಯೇ. ಅಶೋಕನ ಶಾಸನ ಸಿಕ್ಕ ಸನ್ನತಿ ಭೀಮೆಯ ದಂಡೆಯಲ್ಲಿದೆ. ಪಂಢರಪುರದ ವಿಠ್ಠಲನ ಪಾದದ ಬಳಿ ಹರಿಯುವ ಚಂದ್ರಭಾಗೆಯೂ ಇದೇ ಭೀಮೆ. ತುಂಗೆ ಮತ್ತು ಭದ್ರೆ ಕೂಡಲಿಯಲ್ಲಿ ಕೂಡಿ, ಇಬ್ಬರ ಹೆಸರನ್ನೂ ಉಳಿಸಿಕೊಂಡು ಹರಿದ ದಂಡೆಯಲ್ಲಿ ವಿಜಯನಗರ ಎದ್ದು ನಿಂತಿತು. ಗೋಕಾಕದಲ್ಲಿ ಘಟಪ್ರಭೆ ಸುಮಾರು 170 ಅಡಿ ಧುಮುಕುವಲ್ಲಿ 1887ರಷ್ಟು ಹಿಂದೆಯೇ ನೀರಿನಿಂದ ವಿದ್ಯುತ್ತು ತೆಗೆದರು.

ನನಗೆ ಎಲ್ಲರಿಗಿಂತ ಹತ್ತಿರದವಳು ಮಲಪ್ರಭೆ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟಿ, ಸುಮಾರು 300 ಕಿಲೋಮೀಟರು ಹರಿದು ಕೂಡಲಸಂಗಮದಲ್ಲಿ ಕೃಷ್ಣೆಯೊಡನೆ ಒಂದಾಗುವ ಈ ಸಣ್ಣ ಹೊಳೆಯ ಸೀಮೆಯಲ್ಲಿ ಐಹೊಳೆ, ಬಾದಾಮಿ, ಪಟ್ಟದಕಲ್ಲುಗಳಿವೆ. ಪಟ್ಟದಕಲ್ಲಿಗೆ ಮಕ್ಕಳನ್ನು ಪ್ರವಾಸಕ್ಕೆ ಕರೆದುಕೊಂಡು ಹೋದಾಗಲೆಲ್ಲ ನಾನು ಎರಡು ಗುಡಿಗಳ ಮುಂದೆ ಸ್ವಲ್ಪ ಹೆಚ್ಚು ಹೊತ್ತು ನಿಲ್ಲಿಸುತ್ತೇನೆ. ಎಂಟನೆಯ ಶತಮಾನದಲ್ಲಿ ಇಮ್ಮಡಿ ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ ನೆನಪಿಗೆ ಅವನ ರಾಣಿ ಲೋಕಮಹಾದೇವಿ ಒಂದು ಗುಡಿ ಕಟ್ಟಿಸಿದಳು. ಅವಳ ತಂಗಿ ತ್ರೈಲೋಕ್ಯಮಹಾದೇವಿ, ಆಕೆಯೂ ಅದೇ ಅರಸನ ರಾಣಿ, ಪಕ್ಕದಲ್ಲೇ ಇನ್ನೊಂದು ಕಟ್ಟಿಸಿದಳು. ಆಗ ಅವುಗಳ ಹೆಸರು ಲೋಕೇಶ್ವರ, ತ್ರೈಲೋಕೇಶ್ವರ. ಕಟ್ಟಿಸಿದ ಹೆಂಗಸಿನ ಹೆಸರೇ ದೇವರ ಹೆಸರು! ಈಗ ಅವು ವಿರೂಪಾಕ್ಷ ಮತ್ತು ಮಲ್ಲಿಕಾರ್ಜುನ. ಶಾಸನ ಓದದವರಿಗೆ ಅಕ್ಕತಂಗಿಯರ ಸುದ್ದಿಯೇ ತಿಳಿಯದು.

ಒಮ್ಮೆ ಅಲ್ಲಿಯೇ ಒಬ್ಬ ಹುಡುಗಿ ಕೇಳಿದಳು: "ಟೀಚರ್, ಕೃಷ್ಣಾಕ್ಕ ಕೂಡಿದ ಮ್ಯಾಲ ಮಲಪ್ರಭಾ ಅನ್ನೂ ಹೆಸರು ಎಲ್ಲಿ ಹೋಗ್ತೈತ್ರಿ?" ಪಕ್ಕದವಳು ನಾನು ಬಾಯಿ ತೆರೆಯುವ ಮೊದಲೇ, "ಮದುವ್ಯಾದ ಮ್ಯಾಲ ನಮ್ಮವ್ವನ ಹೆಸರು ಹೋತಲ್ಲ, ಹಂಗ" ಎಂದಳು. ಎಲ್ಲರೂ ನಕ್ಕರು. ನಾನೂ ನಕ್ಕೆ. ಸೊಸೆಗೆ ಹೊಸ ಹೆಸರಿಡುವ ಪದ್ಧತಿಯನ್ನು ನಮ್ಮ ಕಡೆಯ ಹೆಂಗಸರು ಬಲ್ಲರು.

ಹೆಸರು ಹೋದರೇನಂತೆ, ನೀರು ಉಳಿಯಿತಲ್ಲ ಎನ್ನಬಹುದು. ಆದರೆ ನೀರಿನ ಲೆಕ್ಕ ಬರೆಯುವ ದಿನ ಬಂದಾಗ ಹೆಸರಿಲ್ಲದವರ ಪಾಡು ಬೇರೆಯಾಗುತ್ತದೆ. 1969ರಲ್ಲಿ ನೇಮಕವಾದ ಬಚಾವತ್ ನ್ಯಾಯಾಧಿಕರಣ ಕೃಷ್ಣೆಯ ನೀರನ್ನು ಮಹಾರಾಷ್ಟ್ರಕ್ಕೆ 560, ಕರ್ನಾಟಕಕ್ಕೆ 700, ಆಗಿನ ಆಂಧ್ರಕ್ಕೆ 800 ಟಿಎಂಸಿ ಎಂದು ಹಂಚಿತು. 1964ರಲ್ಲಿ ಅಡಿಗಲ್ಲು ಕಂಡಿದ್ದ ಆಲಮಟ್ಟಿ ಅಣೆಕಟ್ಟು ಎದ್ದಿತು. ಬಯಲುಸೀಮೆಯ ಹೊಲಗಳಿಗೆ ನೀರು ಹರಿಯಿತು. ಅದನ್ನು ಯಾರೂ ಅಲ್ಲಗಳೆಯಲಾರರು. ಅದೇ ನೀರು ಹಿಂದಕ್ಕೆ ಸರಿದು ಘಟಪ್ರಭೆಯ ದಂಡೆಯ ಹಳೆಯ ಬಾಗಲಕೋಟೆಗೂ ನೂರಕ್ಕೂ ಹೆಚ್ಚು ಹಳ್ಳಿಗಳಿಗೂ ನುಗ್ಗಿತು. ಓಣಿಗೊಂದು ಹೆಸರಿದ್ದ ಊರಿನ ಜನ ನವನಗರಕ್ಕೆ ಬಂದು ಸೆಕ್ಟರ್ ನಂಬರಿನಲ್ಲಿ ವಿಳಾಸ ಹೇಳುವುದನ್ನು ಕಲಿತರು.

ಮುಳುಗುವ ಆಸ್ತಿಗೆ ಪರಿಹಾರ ಕೊಡುವುದು ದಾಖಲೆಯಲ್ಲಿ ಯಾರ ಹೆಸರಿದೆಯೋ ಅವರಿಗೆ. ನಮ್ಮ ಕಡೆ ಹೊಲದ ಉತಾರದಲ್ಲಿ ಹೆಂಗಸರ ಹೆಸರು ಇರುತ್ತಿದ್ದುದು ಎಷ್ಟು ಮನೆಗಳಲ್ಲಿ? ಕಳೆ ತೆಗೆದವರು, ಬೀಜ ಕಾಪಾಡಿದವರು, ಗೋಡೆಗೆ ವರ್ಷವರ್ಷವೂ ಮಣ್ಣು ಮೆತ್ತಿದವರು ಅವರೇ. ಹಣ ಬಂದಾಗ ಕೈಯೊಡ್ಡಿ ನಿಂತವರೂ ಅವರೇ.

ಈ ಸಂಕಟ ಮುಗಿದ ಕಥೆಯಲ್ಲ. ಆಲಮಟ್ಟಿಯ ನೀರಿನ ಮಟ್ಟವನ್ನು 519.6 ಮೀಟರಿನಿಂದ 524.256 ಮೀಟರಿಗೆ ಏರಿಸುವ ಮಾತು ಎರಡನೆಯ ನ್ಯಾಯಾಧಿಕರಣದ 2010ರ ತೀರ್ಪಿನಿಂದಲೂ ಇದೆ. 2009ರಲ್ಲಿ, ಮತ್ತೆ 2019ರಲ್ಲಿ ಮಲಪ್ರಭೆ ಉಕ್ಕಿ ದಂಡೆಯ ಊರುಗಳನ್ನು ಹೊಕ್ಕಳು. ಪಟ್ಟದಕಲ್ಲಿನ ಗುಡಿಗಳ ಅಂಗಳದಲ್ಲೂ ನೀರು ನಿಂತಿತು. ಇನ್ನೂ ಎಷ್ಟೋ ಮನೆಗಳು ಎಬ್ಬಿಸಿಕೊಳ್ಳುವ ಸಾಲಿನಲ್ಲಿವೆ.

ಆದ್ದರಿಂದ ಇದನ್ನು ಓದುತ್ತಿರುವ ಅಕ್ಕತಂಗಿಯರಲ್ಲಿ ನನ್ನದೊಂದು ಮಾತು. ಮನೆಯ ಪೆಟ್ಟಿಗೆಯಲ್ಲಿರುವ ಉತಾರವನ್ನು, ಮನೆಯ ಕಾಗದಪತ್ರವನ್ನು ಒಮ್ಮೆ ಹೊರಗೆ ತೆಗೆದು ಓದಿರಿ. ನಿಮ್ಮ ಹೆಸರು ಅಲ್ಲಿದೆಯೇ ನೋಡಿರಿ. ಇಲ್ಲದಿದ್ದರೆ ಕೇಳಿರಿ. ಲೋಕಮಹಾದೇವಿಯ ಹೆಸರು ಗುಡಿಯಿಂದ ಹೋದರೂ ಕಲ್ಲಿನ ಮೇಲೆ ಬರೆಸಿದ್ದರಿಂದ ಇಂದಿಗೂ ನಮಗೆ ಸಿಕ್ಕಿತು.